ಖಾಲಿ ಹುಲ್ಲಿಗೂ ವಿಭೂತಿ

ದೇವರ ಗೂಡು ಒರೆಸಿ ವಿಭೂತಿ ಗಟ್ಟಿ ಇಡುತ್ತಿದ್ದಾಗ, ಐರ್ಲೆಂಡ್ ನೋಡಲು ಹೋದ ಮಗಳು ಕಳಿಸಿದ ಫೋಟೊ ಬಂತು. ಹಳೆಯ ಕೋಟೆಯ ದುಂಡು ಗೋಡೆ, ಒಳಗೆ ಹುಲ್ಲಿನಲ್ಲಿ ಗಿಡ್ಡ ಕಲ್ಲುಗಳು. ಇಂಥದ್ದೇ ಚಿತ್ರವನ್ನು ಚಿಕ್ಕವಳಿದ್ದಾಗ, ಅಪ್ಪ ಅಮ್ಮನ ಜೊತೆ ಪರದೇಶದಲ್ಲಿದ್ದಾಗ, ಸೆಂಬವಾಂಗ್ ಎಂಬ ಊರಿನ ನಮ್ಮ ಮನೆಯಲ್ಲಿ ನೋಡಿದ್ದೆ.

ಅಂದು ಮಧ್ಯಾಹ್ನ ಪಕ್ಕದ ಮನೆಯ ಐರಿಷ್ ಆಂಟಿ ತಮ್ಮೂರಿನ ಫೋಟೊ ತಂದಿದ್ದರು. ಜ್ಞಾನಸ್ನಾನಕ್ಕೆ ಮೊದಲೇ ತೀರಿಕೊಂಡ ಕೂಸುಗಳನ್ನು ಚರ್ಚಿನ ನೆಲದಲ್ಲಿ ಹೂಳಲು ಬಿಡುತ್ತಿರಲಿಲ್ಲವಂತೆ. ಅಪ್ಪಂದಿರು ಇಂಥ ಕೋಟೆಗಳಿಗೆ ಎತ್ತಿಕೊಂಡು ಬಂದು ಹೂಳುತ್ತಿದ್ದರಂತೆ.

"ಇದು ನನ್ನ ತಂಗಿ," ಎಂದು ಆಂಟಿ ಒಂದು ಕಲ್ಲು ತೋರಿಸಿದರು.

ಅಮ್ಮ ಆಸ್ಪತ್ರೆಯಿಂದ ಬರಿಗೈಯಲ್ಲಿ ಮನೆಗೆ ಬಂದು ಆಗ ತಿಂಗಳೂ ಆಗಿರಲಿಲ್ಲ. ನಮ್ಮಲ್ಲಿ ತೀರಿಕೊಂಡವರಿಗೆ ವಿಭೂತಿ ಹಚ್ಚಿ ಮಣ್ಣಿಗಿಡುತ್ತಾರೆ. ಅಮ್ಮನಿಗೆ ತನ್ನ ಕೂಸಿಗೆ ಮಣ್ಣು ಕೊಡಲೂ ಸಿಕ್ಕಿರಲಿಲ್ಲ, ಅದರ ಮುಖ ನೋಡಲೂ ಸಿಕ್ಕಿರಲಿಲ್ಲ. "ಎಲ್ಲಾ ಆಸ್ಪತ್ರೆಯವ್ರೇ ಮುಗಿಸಿದ್ರು, ನೀ ಕೇಳಬ್ಯಾಡ," ಎಂದಷ್ಟೇ ಅಪ್ಪ ಹೇಳಿದ್ದರು.

"ನಿಮಗ ಜಾಗನಾದ್ರೂ ಗೊತ್ತೈತಲ್ಲ," ಎಂದಳು ಅಮ್ಮ, ಕನ್ನಡದಲ್ಲೇ. ಆಂಟಿ ಅವಳ ಕೈ ಹಿಡಿದುಕೊಂಡರು.

ಅಮ್ಮ ಎದ್ದು ದೇವರ ಗೂಡಿನಿಂದ ವಿಭೂತಿ ತಂದು, ಫೋಟೊದಲ್ಲಿದ್ದ ಆ ಕಲ್ಲಿಗೆ ಹಚ್ಚಿದಳು. ಪಕ್ಕದ ಖಾಲಿ ಹುಲ್ಲಿಗೂ ಹಚ್ಚಿದಳು.

"ಅಮ್ಮಾ, ಅಲ್ಲಿ ಕಲ್ಲೇ ಇಲ್ವಲ್ಲ," ಎಂದೆ.

"ಇರ್ಲಿ ಬಿಡವ್ವಾ."

ಅಂದು ಸಂಜೆ, ಆಸ್ಪತ್ರೆಯಿಂದ ಬಂದಮೇಲೆ ಮೊದಲ ಸಲ, ಅವಳು ತಾನಾಗಿ ತಟ್ಟೆಗೆ ಹಾಕಿಕೊಂಡು ಉಂಡಳು. ಶಿವ ಅಷ್ಟಾದರೂ ಕೊಟ್ಟ.

ಈಗ ನನ್ನ ಬೆರಳಿನ ವಿಭೂತಿ ಫೋನಿನ ಗಾಜಿಗೆ ಅಂಟಿತ್ತು. ಒರೆಸದೆ ಗೂಡಿನ ಪಕ್ಕದಲ್ಲಿಟ್ಟು, ರೊಟ್ಟಿ ಹಿಟ್ಟು ನಾದಲು ಹೋದೆ.