ನಿಂತು ಆಡುವ ಮಾತು

ಲಂಡನ್ನಿನ ದೂರದರ್ಶನಕ್ಕೆ ಮೂವತ್ತು ವರ್ಷ ಆಸ್ಪತ್ರೆಯ ಧಾರಾವಾಹಿ ಬರೆದ ವೃದ್ಧ ಲೇಖಕರು ಈಗ ಸ್ವತಃ ರೋಗಿಯಾಗಿ ಮಲಗಿದ್ದರು. ತಮ್ಮ ಕಥೆಯ ವೈದ್ಯರಿಗೆ ಅವರು ಶಾಸ್ತ್ರದಂತೆ ವಿಧಿಸಿದ್ದ ನಿಯಮ ಒಂದೇ: ಬದುಕುವ ರೋಗಿಯೊಡನೆ ನಿಂತೇ ಮಾತನಾಡಬೇಕು, ಉಳಿಯದವನ ಬಳಿ ಮಾತ್ರ ಕುರ್ಚಿ ಎಳೆದುಕೊಂಡು ಕೂರಬೇಕು.

ತಪಾಸಣೆಯ ವರದಿ ಹಿಡಿದು ತರುಣ ವೈದ್ಯೆ ಬಂದಳು.

“ಚಿಕ್ಕಂದಿನಿಂದ ನಿಮ್ಮ ಧಾರಾವಾಹಿ ನೋಡಿದವಳು ನಾನು, ಸರ್. ರೋಗಿಗಳ ಹತ್ತಿರ ಹೇಗಿರಬೇಕೆಂದು ಕಲಿತದ್ದೇ ಅದರಿಂದ.”

“ಹಾಗಾದರೆ ನಿನ್ನ ರೋಗಿಗಳನ್ನು ದೇವರೇ ಕಾಯಬೇಕು, ಮಗೂ!” ಎಂದು ಅವರು ನಕ್ಕರು. “ನನಗಿನ್ನೂ ಕೊನೆಯ ಕಂತು ಬರೆಯುವುದಿದೆ. ಮನೆಗೆ ಹೋಗಬಹುದೆ?”

“ಗಾಬರಿಪಡುವಂಥದ್ದೇನೂ ಇಲ್ಲ, ಸರ್,” ಎನ್ನುತ್ತ ಅವಳು ಮೂಲೆಯಲ್ಲಿದ್ದ ಕುರ್ಚಿಯನ್ನು ಹಾಸಿಗೆಯ ಬಳಿಗೆ ಎಳೆದುಕೊಂಡಳು.