ಮೂವತ್ತೊಂದನೇ ಮೇಜು

ಮೂವತ್ತೊಂದನೇ ಮೇಜಿನ ಮೇಲಿದ್ದದ್ದನ್ನು ಯಾವ ಮಗುವೂ ಮಾಡಿಲ್ಲ. ವಿಜ್ಞಾನದ ಮೇಷ್ಟ್ರಿಗೆ ಅದು ಒಂದೇ ನೋಟಕ್ಕೆ ಗೊತ್ತಾಯಿತು.

ತೀರ್ಪುಗಾರರು ಬರಲು ಇನ್ನೊಂದು ಗಂಟೆಯಿತ್ತು. ಶಾಲೆಯ ಸಭಾಂಗಣದಲ್ಲಿ ನಲವತ್ತು ಮೇಜು, ಎಲ್ಲಿ ನೋಡಿದರೂ ತಂತಿ, ರಟ್ಟು, ಗೋಂದು, ಗಲಾಟೆ. ಈ ಸಲದ ವಸ್ತುಪ್ರದರ್ಶನದಲ್ಲಿ ಮೋಸಕ್ಕೆ ಜಾಗ ಕೊಡುವುದಿಲ್ಲವೆಂದು ಮೇಷ್ಟ್ರು ಪಣ ತೊಟ್ಟಿದ್ದರು. ಹೋದ ವರ್ಷ ಎಲ್ಲರೂ ಬಾಯಿ ಬಿಟ್ಟು ನೋಡಿದ ಸೇತುವೆಯ ಮಾದರಿಯ ಬಗ್ಗೆ ತೀರ್ಪುಗಾರರು ಒಂದೇ ಒಂದು ಪ್ರಶ್ನೆ ಕೇಳಿದ್ದಕ್ಕೆ, ಅದರ ಹಿಂದೆ ನಿಂತಿದ್ದ ಹುಡುಗ, “ತಡೀರಿ ಸಾರ್, ಅಪ್ಪನ್ನ ಕರ್ಕೊಂಡು ಬರ್ತೀನಿ” ಅಂದಿದ್ದ. ಸಭಾಂಗಣವೆಲ್ಲ ಬಿದ್ದು ಬಿದ್ದು ನಕ್ಕಿತ್ತು. ಆ ನಗು ಮೇಷ್ಟ್ರ ಕಿವಿಯಿಂದ ಇನ್ನೂ ಹೋಗಿರಲಿಲ್ಲ.

ಅದಕ್ಕೇ ಈ ಬಾರಿ ನಿಯಮಗಳನ್ನು ತಾವೇ ಬರೆದು ಬಾಗಿಲಿಗೆ ಅಂಟಿಸಿದ್ದರು. ಮಾಡಿದವರ ಹೆಸರು ಶಾಲೆಯ ಹಾಜರಿ ಪುಸ್ತಕದಲ್ಲಿರಬೇಕು. ಮಾಡಿದವರೇ ಮೇಜಿನ ಹಿಂದೆ ನಿಂತು ಉತ್ತರ ಹೇಳಬೇಕು. ಶಿಫಾರಸು ನಡೆಯದಂತೆ ಹೆಸರುಗಳು ಮುಚ್ಚಿದ ಲಕೋಟೆಯಲ್ಲಿ, ಮೇಜಿನ ಮೇಲೆ ಬರೀ ನಂಬರು. ತೀರ್ಪುಗಾರರ ಹೊರತು ಯಾರೂ, ಸ್ವತಃ ಮೇಷ್ಟ್ರೂ, ಲಕೋಟೆ ಒಡೆಯುವಂತಿರಲಿಲ್ಲ.

ಈ ಮೇಜಿನ ಮೇಲೆ ಅಂದಚೆಂದ ಏನೂ ಇರಲಿಲ್ಲ. ಒಂದು ಹಳೆಯ ಬೇಸಿನ್ನು, ಅದರ ತಳಕ್ಕೆ ದಪ್ಪ ಪೈಪು, ಪೈಪಿನ ತುಂಬ ಅಮೃತಶಿಲೆಯ ಚೂರು. ಪ್ರಯೋಗಾಲಯದ ಆಮ್ಲ ಬೆರೆತ ನೀರನ್ನು ಮೇಲೆ ಸುರಿದರೆ ಕೆಳಗೆ ಆಮ್ಲದ ತೀಕ್ಷ್ಣತೆಯೆಲ್ಲ ಇಳಿದ ನೀರು ಬರುತ್ತಿತ್ತು. ಮೇಲಿನ ನೀರಿಗೆ ಅದ್ದಿದ ನೀಲಿ ಲಿಟ್ಮಸ್ ಕೆಂಪಾಗುತ್ತಿತ್ತು, ಕೆಳಗಿನದಕ್ಕೆ ಅದ್ದಿದ್ದು ನೀಲಿಯಾಗಿಯೇ ಉಳಿಯುತ್ತಿತ್ತು. ಅಷ್ಟೇ. ಆದರೆ ಆ ‘ಅಷ್ಟೇ’ ಮೇಷ್ಟ್ರನ್ನು ಅಲ್ಲಾಡದಂತೆ ನಿಲ್ಲಿಸಿತು. ಲ್ಯಾಬಿನ ಸಿಂಕಿನ ಪೈಪು ಆಮ್ಲಕ್ಕೆ ಸವೆದು ವರ್ಷಕ್ಕೊಮ್ಮೆ ತೂತಾಗುವುದು ಅವರಿಗೂ ಗೊತ್ತಿತ್ತು. ಹದಿನೈದು ವರ್ಷದಲ್ಲಿ ಅವರಿಗೆ ಇದು ಹೊಳೆದಿರಲಿಲ್ಲ.

ಪಕ್ಕದಲ್ಲಿ ಒಂದು ನೋಟ್‌ಬುಕ್. ನಲವತ್ತು ದಿನದ ಪರೀಕ್ಷೆಯ ವಿವರ, ದಿನಕ್ಕೊಂದು ಲಿಟ್ಮಸ್ ಚೂರು ಅಂಟಿಸಿ ಬರೆದದ್ದು. ರಜೆಯ ದಿನವೂ ಬಿಟ್ಟಿರಲಿಲ್ಲ. ಅಕ್ಷರ ಮಾತ್ರ ದುಂಡಗೆ, ಗೆರೆ ಬಿಡದೆ, ಒತ್ತಿ ಒತ್ತಿ ಬರೆದ ಎಳೆಯ ಅಕ್ಷರ.

ಮೇಷ್ಟ್ರು ಲೆಕ್ಕ ಹಾಕಿದರು. ರಜೆಯಲ್ಲಿ ಲ್ಯಾಬಿನ ಬೀಗದ ಕೈ ಇರುವುದು ಅಟೆಂಡರಮ್ಮನ ಹತ್ತಿರ. ಆಕೆಯ ಮೊಮ್ಮಗಳು ಇದೇ ಶಾಲೆಯ ಎಂಟನೇ ತರಗತಿಯಲ್ಲಿದ್ದಾಳೆ. ಬುದ್ಧಿ ಅಜ್ಜಿಯದು, ಬರವಣಿಗೆ ಮೊಮ್ಮಗಳದು. ಅಪ್ಪನ ಬದಲು ಈ ವರ್ಷ ಅಜ್ಜಿ.

ಅಟೆಂಡರಮ್ಮ ಕಿಟಕಿಯ ಹತ್ತಿರ ಬಕೆಟ್ಟಿಗೆ ಬಟ್ಟೆ ಹಿಂಡುತ್ತಿದ್ದರು. ಇಪ್ಪತ್ತೆರಡು ವರ್ಷ ಗಾಜಿನ ಸಾಮಾನು ತೊಳೆದು ಅವರ ಬೆರಳ ತುದಿ ಸಿಪ್ಪೆ ಎದ್ದಿತ್ತು. ಬೆಳಿಗ್ಗೆ ಗೇಟು ತೆಗೆಯುವವರು ಅವರೇ, ಸಂಜೆ ತರಗತಿಗಳು ಮುಗಿದ ಮೇಲೆ ಬೀಗ ಹಾಕುವವರೂ ಅವರೇ. ನಾಲ್ಕೂವರೆಯ ಗಂಟೆ ಹೊಡೆದರೆ ಬಸ್ಸಿಗೆ ಓಡುವ ಮೇಷ್ಟ್ರು ಆ ಬೀಗವನ್ನು ಒಮ್ಮೆಯೂ ನೋಡಿದವರಲ್ಲ.

“ಅಮ್ಮಾ, ಮೂವತ್ತೊಂದು ನಿಮ್ಮ ಕೈಕೆಲಸ ತಾನೆ?”

“ಹೌದು ಸಾರ್.”

ಇಷ್ಟು ಸಲೀಸಾಗಿ ಒಪ್ಪಿಕೊಳ್ಳುತ್ತಾರೆಂದು ಮೇಷ್ಟ್ರು ಅಂದುಕೊಂಡಿರಲಿಲ್ಲ. “ಹಾಗಾದ್ರೆ ತೆಗೀರಿ ಅದನ್ನ.”

“ತೆಗೆಯಲ್ಲ ಸಾರ್.”

“ನಿಯಮ ಓದಿದ್ದೀರಾ?”

“ಎರಡು ಸಲ ಓದಿದೀನಿ. ಒಂದು ಅಕ್ಷರಕ್ಕೂ ತಪ್ಪಿಲ್ಲ.”

“ನಿಮ್ಮ ಮೊಮ್ಮಗಳಿಗೆ ಒಳ್ಳೇದಾಗಲಿ ಅಂತ ನೀವು ಮಾಡಿರಬಹುದು. ಆದ್ರೆ ದೊಡ್ಡೋರು ಮಾಡಿಕೊಟ್ಟಿದ್ದನ್ನ ನಾನು ಒಳಗೆ ಬಿಡಲ್ಲ.”

“ಅವಳು ಇದನ್ನ ಮುಟ್ಟೂ ಇಲ್ಲ ಸಾರ್. ಅವಳ ಪಾಡು ಅವಳಿಗೆ.”

ಮೇಷ್ಟ್ರಿಗೆ ರೇಗಿತು. “ತೀರ್ಪುಗಾರರ ಮುಂದೆ ಮತ್ತೆ ನಗೆಪಾಟಲಾದರೆ ನಿಮಗೆ ಮೆಮೊ ಬರತ್ತೆ. ಲ್ಯಾಬಿನ ಬೀಗದ ಕೈಯೂ ಹೋಗತ್ತೆ. ನಿವೃತ್ತಿಗೆ ಇನ್ನೆರಡು ವರ್ಷ ಇದೆ. ಯೋಚನೆ ಮಾಡಿ.”

ಅಟೆಂಡರಮ್ಮ ಬಟ್ಟೆ ಕೊಡವಿ ಕಿಟಕಿಯ ಸರಳಿಗೆ ಹಾಕಿದರು.

“ಬೀಗದ ಕೈ ಈಗಲೇ ಬೇಕಾದ್ರೆ ತಗೊಳ್ಳಿ ಸಾರ್. ಮೇಜು ಮಾತ್ರ ಅಲ್ಲೇ ಇರತ್ತೆ. ಮಾಡಿದೋರು ಬಂದು ನಿಂತ್ಕೊಳ್ಳದೆ ಹೋದ್ರೆ ಆಮೇಲೆ ನೀವೇ ತೆಗೆದು ಬೀದಿಗೆ ಎಸೀರಿ.”

ಗಂಟೆ ಹೊಡೆಯಿತು. ಮಕ್ಕಳು ತಮ್ಮ ತಮ್ಮ ಮೇಜುಗಳಿಗೆ ಓಡಿದರು. ಮೇಷ್ಟ್ರು ಬಾಗಿಲಲ್ಲೇ ನಿಂತು ಮೊಮ್ಮಗಳ ಮೇಲೆ ಕಣ್ಣಿಟ್ಟರು. ಅವಳು ಮೂವತ್ತೊಂದನ್ನು ತಿರುಗಿಯೂ ನೋಡದೆ ಹನ್ನೆರಡನೇ ಮೇಜಿಗೆ ಹೋಗಿ, ತಿರುಗಲು ಮನಸ್ಸಿಲ್ಲದ ತನ್ನ ಗಾಳಿಯಂತ್ರಕ್ಕೆ ಬಾಯಿಂದಲೇ ಊದತೊಡಗಿದಳು.

ಮೂವತ್ತೊಂದರ ಹಿಂದೆ ಯಾರೂ ಬರಲಿಲ್ಲ. ಕಳ್ಳತನ ಸಿಕ್ಕಿಬೀಳುವುದಕ್ಕೆ ಹೆದರಿ ಮೊಮ್ಮಗಳು ಕೈಬಿಟ್ಟಿದ್ದಾಳೆ ಎಂದು ಮೇಷ್ಟ್ರು ಸಮಾಧಾನಪಟ್ಟರು. ಸಾಲಾಗಿ ನೋಡುತ್ತ ಬಂದ ತೀರ್ಪುಗಾರರು, ಬೇರೆ ಊರಿನ ಕಾಲೇಜಿನ ರಸಾಯನಶಾಸ್ತ್ರದ ಮೇಡಂ, ಅಲ್ಲಿ ನಿಂತರು. ಬಾಗಿ ಪೈಪು ನೋಡಿದರು. ನೋಟ್‌ಬುಕ್ಕಿನ ನಲವತ್ತು ಪುಟವನ್ನೂ ತಿರುವಿದರು.

“ಇದನ್ನ ಬಿಡಿ ಮೇಡಂ,” ಅಂದರು ಮೇಷ್ಟ್ರು. “ಮಾಡಿದೋರೇ ಇಲ್ಲ.”

ಅಟೆಂಡರಮ್ಮ ಖಾಕಿ ಕೋಟು ಬಿಚ್ಚಿ ಕುರ್ಚಿಯ ಮೇಲಿಟ್ಟು, ಸೆರಗು ಸರಿಮಾಡಿಕೊಂಡು, ಮೇಜನ್ನು ಸುತ್ತಿ ಹಿಂದೆ ಹೋಗಿ ನಿಂತರು.

“ಅಮ್ಮಾ, ಅಲ್ಲಿ ನಿಲ್ಲಬೇಡಿ. ಅದು ವಿದ್ಯಾರ್ಥಿಗಳ ಜಾಗ.”

ಮೇಡಂ ಮೂವತ್ತೊಂದರ ಲಕೋಟೆ ಒಡೆದು ಒಳಗಿದ್ದ ಚೀಟಿಯನ್ನು ಓದಿದರು. ಆಮೇಲೆ ತಲೆಯೆತ್ತಿ, “ಯಾವ ತರಗತಿ?” ಎಂದು ಕೇಳಿದರು.

“ಹತ್ತನೇದು ಮೇಡಂ, ಸಂಜೆ ವಿಭಾಗ,” ಅಂದರು ಅಟೆಂಡರಮ್ಮ. “ಹಾಜರಿ ನಂಬರು ನಾಲ್ಕು.”