ಅಂಗೈಯಲ್ಲಿ ಮಂಜುಗಡ್ಡೆ

“ಮುಷ್ಟಿ ಬಿಚ್ಚಮ್ಮ,” ಎಂದ ಕಾವಲುಗಾರ.

ಬಡಗಿಯ ಹೆಂಡತಿ ಬಿಚ್ಚಿದಳು. ಅಂಗೈಯಲ್ಲಿ ಮಂಜುಗಡ್ಡೆಯ ಚೂರು ಇಟ್ಟ ಹಾಗೇ ಇತ್ತು. ಒಂದು ಹನಿ ನೀರಿಲ್ಲ. ಸಾಲಿನಲ್ಲಿ ಹಿಂದೆ ನಿಂತವರು ಸದ್ದಿಲ್ಲದೆ ದೂರ ಸರಿದರು. ನಿನ್ನೆಯವರೆಗೆ ಅವಳ ಅಂಗಡಿಯಲ್ಲಿ ಮೀನು ಕೊಂಡು, ಚೌಕಾಸಿ ಮಾಡಿ, ನಕ್ಕು ಹೋದವರೇ ಎಲ್ಲರೂ.

“ಇನ್ನೊಂದು ಸಲ ನೋಡಣ್ಣ,” ಎಂದ ಬಡಗಿ. “ಬೆಳಗಿಂದ ತಣ್ಣೀರಲ್ಲಿ ಮೀನು ತೊಳೆದಿದ್ದಾಳೆ. ಯಾರ ಕೈಯಾದ್ರೂ ಮರಗಟ್ಟಲ್ವಾ?”

“ಎರಡು ಸಲ ನೋಡಿದ್ದಾಯ್ತು ತಮ್ಮಾ.”

ಆ ಊರಿಗೆ ಇದ್ದದ್ದು ಒಂದು ಗೋಡೆ, ಗೋಡೆಯಾಚೆ ಕೊನೆಯಿಲ್ಲದ ಮಂಜು, ಮಂಜಿನಡಿಯಲ್ಲಿ ಕಾವುಗಳ್ಳ. ಅದು ಮಾಂಸ ತಿನ್ನುವ ಮೃಗವಲ್ಲ. ಮೈಯ ಬಿಸಿಯನ್ನು ಕುಡಿಯುವ ಮೃಗ. ಸಿಕ್ಕವರನ್ನು ಬರಿದು ಮಾಡಿ, ಅವರದೇ ರೂಪ, ಅವರದೇ ದನಿ, ಅವರದೇ ನೆನಪು ಹೊತ್ತು ಅವರ ಮನೆಗೇ ಬಂದು ಕೂರುತ್ತದೆ. ಆಮೇಲೆ ಮನೆಯವರ ಸರದಿ. ಅದಕ್ಕೇ ದಿನಾ ಸಂಜೆ ಗೋಡೆಯ ಬಾಗಿಲಲ್ಲಿ ಈ ಪರೀಕ್ಷೆ. ಮಂಜಿನಲ್ಲಿ ಹುಟ್ಟಿದ್ದರ ಕೈಯಲ್ಲಿ ಮಂಜು ಕರಗುವುದಿಲ್ಲ ಎಂದು ಅಜ್ಜಂದಿರು ಹೇಳಿಹೋಗಿದ್ದರು. ಅಜ್ಜಂದಿರು ಹೇಳಿದ ಮೇಲೆ ಮುಗಿಯಿತು, ಎದುರು ಮಾತಾಡುವವರು ಯಾರು?

“ರೀ, ನಾನು ಕಣ್ರೀ!” ಹೆಂಡತಿ ಬಡಗಿಯ ತೋಳು ಹಿಡಿದಳು. ಅಂಗಿಯ ಮೇಲಿಂದಲೇ ಚಳಿ ಹತ್ತಿತು. “ತಿಂಗಳಿಂದ ನಂಗೆ ಚಳಿ ಬಿಡ್ತಾನೇ ಇಲ್ಲ, ಅಷ್ಟೇ. ಎರಡು ಕಂಬಳಿ ಹೊದ್ರೂ ಬಿಡಲ್ಲ. ನಿಮಗೇ ಗೊತ್ತಲ್ಲ!”

ಪಾಪ, ಹೇಳಬಾರದ್ದನ್ನೇ ಹೇಳಿದಳು. ಕಾವಲುಗಾರ ತಲೆದೂಗಿದ.

“ಹೋದ ತಿಂಗಳು ಹಿಮಗಾಳಿ ಎದ್ದ ರಾತ್ರಿ ಗೋಡೆ ದಾಟಿ ಒಬ್ಬಳೇ ಹೋಗಿದ್ದೆ ಅಲ್ವಾ?”

“ನನ್ನ ಹುಡುಕೋಕೆ ಹೋಗಿದ್ದಳು ಕಣೋ!”

ಕೂಗಿದ್ದು ಬಡಗಿಯ ಅಮ್ಮ. ಮೊಮ್ಮಗಳನ್ನು ಸೊಂಟದ ಮೇಲೆ ಕೂರಿಸಿಕೊಂಡು ಓಡಿಬಂದಿದ್ದಳು. ಸೌದೆ ಆರಿಸಲು ಹೋಗಿ ಗಾಳಿಗೆ ಸಿಕ್ಕಿ ದಾರಿ ತಪ್ಪಿದ್ದ ಮುದುಕಿ. ಊರೇ ಆಸೆ ಬಿಟ್ಟಿದ್ದಾಗ ಲಾಟೀನು ಹಿಡಿದು ಹೊರಟವಳು ಸೊಸೆಯೊಬ್ಬಳೇ. ಬೆಳಗಾದ ಮೇಲೆ ಇಬ್ಬರೂ ಬೇರೆಬೇರೆ ದಾರಿಯಲ್ಲಿ ಬಂದು ಬಾಗಿಲು ತಲುಪಿದ್ದರು. ಅವತ್ತು ಮುದುಕಿಯ ಅಂಗೈಯಲ್ಲಿ ಮಂಜು ಕಣ್ಣುಮುಚ್ಚಿ ತೆರೆಯುವಷ್ಟರಲ್ಲಿ ನೀರಾಗಿ ಹರಿದಿತ್ತು. ಎಂಥ ಗಟ್ಟಿ ಜೀವ ಎಂದು ಜನ ಮೂಗಿನ ಮೇಲೆ ಬೆರಳಿಟ್ಟಿದ್ದರು. ಮಂಡಿನೋವು ಕೂಡ ಚಳಿ ತಡೆಯಲಾರದೆ ಓಡಿಹೋಯಿತು ಎಂದು ಸೊಸೆಯೇ ಅತ್ತೆಯನ್ನು ಛೇಡಿಸುತ್ತಿದ್ದಳು.

“ನಾನೂ ಅದನ್ನೇ ಹೇಳ್ತಿರೋದಮ್ಮ,” ಎಂದ ಕಾವಲುಗಾರ. “ನೀವು ಬಂದ್ರಿ. ಇವಳು ಬಂದಳಾ, ಅದು ಬಂತಾ?”

“ಅವತ್ತು ಇವಳ ಕೈಯಲ್ಲೂ ಕರಗಿತ್ತು!” ಬಡಗಿ ಕಾವಲುಗಾರನ ಕೈ ಹಿಡಿದುಕೊಂಡ.

“ಕರಗಿತ್ತು. ಆಮೇಲೆ ದಿನಾ ನಿಧಾನ ಆಗ್ತಾ ಬಂತು. ವೇಷ ಎಷ್ಟು ದಿನ ನಿಲ್ಲತ್ತೆ ಹೇಳು. ನನ್ನನ್ನ ಕಲ್ಲು ಅನ್ಕೋಬೇಡ ತಮ್ಮಾ. ಒಡಹುಟ್ಟಿದವನನ್ನ ಇದೇ ಕೈಯಲ್ಲಿ ಆಚೆ ತಳ್ಳಿದೀನಿ. ನಿದ್ದೆಯಿಲ್ಲ ಅವತ್ತಿಂದ.”

“ಸ್ವಲ್ಪ ತಾಳ್ರೋ,” ಎಂದು ಅಮ್ಮ ಅಂಗಲಾಚಿದಳು. “ಅವಳ ಮೈಯಲ್ಲಿ ಇನ್ನೂ ಕಾವಿದೆ. ನಂಗೆ ಗೊತ್ತು. ಇನ್ನೆರಡು ದಿನ ಮನೇಲಿರಲಿ.”

ಅತ್ತೆ ಎಂದರೆ ಹೀಗಿರಬೇಕು ಎಂದು ಹೆಂಗಸರು ಕಣ್ಣೊರೆಸಿಕೊಂಡರು. ಆದರೆ ಯಾರೂ ಮುಂದೆ ಬರಲಿಲ್ಲ. ಎಲ್ಲರ ಮನೆಯಲ್ಲೂ ಮಕ್ಕಳಿದ್ದರು.

ಬಡಗಿ ಬಾಗಿಲಿಗೆ ಅಡ್ಡ ನಿಂತ. ನಾಲ್ಕು ಜನ ಹಿಡಿದು ಪಕ್ಕಕ್ಕೆಳೆದರು. ಉಳಿದವರು ಅವಳನ್ನು ತಳ್ಳಿಕೊಂಡು ಹೋದರು. ಮಗು ಅಮ್ಮಾ ಎಂದು ಕಿರುಚಿತು. ಅಜ್ಜಿ ಅದರ ಮುಖವನ್ನು ಎದೆಗೊತ್ತಿಕೊಂಡು ಮನೆಯ ಕಡೆ ನಡೆದಳು. ಗೋಡೆಯ ಬಾಗಿಲು ಮುಚ್ಚಿತು.

ಬಡಗಿ ಗೋಡೆಗೆ ಕಿವಿ ಹಚ್ಚಿ ನಿಂತ. ಆಚೆ ಹೆಂಡತಿ ಮೊದಲು ಊರಿನವರನ್ನೆಲ್ಲ ಬೈದಳು. ಆಮೇಲೆ ಬೇಡಿಕೊಂಡಳು. ಕೊನೆಗೆ ಬರೀ ಮನೆಯ ಮಾತು: “ಪುಟ್ಟಿಗೆ ಕಾಲುಚೀಲ ಹಾಕ್ದೇ ಮಲಗಿಸ್ಬೇಡಿ. ಕೆಮ್ಮಿದ್ರೆ ಎತ್ಕೊಂಡು ಓಡಾಡಿ, ಸುಮ್ಮನಾಗ್ತಾಳೆ. ಕೇಳಿಸ್ತಾ ಇದೆಯಾ ರೀ?”

ಅವನಿಗೆ ಕೇಳಿಸುತ್ತಿತ್ತು. ಹೆಂಡತಿಯೇ ಆಗಿದ್ದರೆ ಏನು ಹೇಳುವುದು? ಮೃಗವಾಗಿದ್ದರೆ ಏನು ಹೇಳುವುದು? ಗಾಳಿ ಜೋರಾಯಿತು. ಸ್ವಲ್ಪ ಹೊತ್ತಿಗೆ ದನಿ ನಿಂತಿತು.

“ಮಂಜಿನಡಿಗೆ ವಾಪಸ್ ಹೋಯ್ತು,” ಎಂದು ಕಾವಲುಗಾರ ಅವನ ಬೆನ್ನು ಸವರಿದ. “ನಿನ್ನ ಹೆಂಡ್ತಿ ಹೋದ ತಿಂಗಳೇ ತೀರ್ಕೊಂಡಳು ಅನ್ಕೋ. ನಡಿ ಮನೆಗೆ. ಅಮ್ಮ ಇದಾರೆ, ಮಗು ಇದೆ.”

ಹೌದು, ಅವರಾದರೂ ಇದ್ದಾರೆ. ಕೈಲಾಗದವನಿಗೆ ಅಷ್ಟೇ ಸಮಾಧಾನ. ಬೀದಿಯುದ್ದಕ್ಕೂ ಕಿಟಕಿಗಳು ಅವನನ್ನು ಕಂಡು ಮುಚ್ಚಿಕೊಂಡವು. ಅವನು ಕಾಲೆಳೆದುಕೊಂಡು ಮನೆ ತಲುಪಿ ಬಾಗಿಲು ನೂಕಿದ.

ಒಲೆ ಹಚ್ಚಿರಲಿಲ್ಲ, ಬೂದಿ ತಣ್ಣಗಿತ್ತು. ಅಮ್ಮ ಶಾಲು, ಸ್ವೆಟರ್ ಎರಡನ್ನೂ ಕಳಚಿಟ್ಟು ನೆಲದ ಮೇಲೆ ಕೂತಿದ್ದಳು. ತೊಡೆಯ ಮೇಲೆ ಮಗು. ಅದರ ತುಟಿ ನೀಲಿಯಾಗಿತ್ತು. ಅಪ್ಪನನ್ನು ನೋಡಿತು, ಕೈಯೆತ್ತಲು ತ್ರಾಣವಿರಲಿಲ್ಲ.

“ಬಾಗಿಲು ತೆಗೆದೇ ಇರಲಿ ಮಗನೇ,” ಎಂದು ಅಮ್ಮ ಹಣೆಯ ಬೆವರು ಒರೆಸಿಕೊಂಡಳು. “ಅಬ್ಬಬ್ಬಾ, ಏನು ಸೆಕೆ!”